ಕಲ್ಲಿಲ್ಲದ ಗೋರಿ

ಸೋಮವಾರ ಬೆಳಿಗ್ಗೆ ಎಂಟೂವರೆಗೆ ದೊರೆಗಳ ಸ್ಮಶಾನದ ಕಾವಲುಗಾರ ಠಾಣೆಗೆ ಬಂದು, ಯಾರೋ ಒಂದು ಗೋರಿಯನ್ನು ಅಗೆದಿದ್ದಾರೆಂದು ದೂರು ಕೊಟ್ಟ. ಹೆಡ್ ಕಾನ್‌ಸ್ಟೇಬಲ್ ಮೀಸೆ ಎಫ್‌ಐಆರ್ ಬರೆದುಕೊಂಡ. ಅವನ ನಿಜವಾದ ಹೆಸರು ಠಾಣೆಯಲ್ಲಿ ಯಾರ ಬಾಯಲ್ಲೂ ಇರಲಿಲ್ಲ.

"ಏನು ಕಳವಾಗಿದೆ?" ಇನ್‌ಸ್ಪೆಕ್ಟರ್ ಕೇಳಿದರು.

"ಅಲ್ಲಿ ಕದಿಯೋಕೆ ಏನಿದೆ ಸರ್? ಮಲಗಿರೋರೆಲ್ಲ ಬರಿಗೈಲಿ ಬಂದೋರೇ. ಎಲುಬು ಹೋಗಿದೆ."

"ನೀನೆಲ್ಲಿದ್ದೆ?"

"ನಿನ್ನೆ ತಂಗಿ ಮನೆಗೆ ಊಟಕ್ಕೆ ಹೋಗಿದ್ದೆ. ಸತ್ತೋರು ಎಲ್ಲಿಗೆ ಓಡಿಹೋಗ್ತಾರೆ ಅಂದ್ಕೊಂಡೆ."

ಸ್ಮಶಾನ ಊರಿನ ಮೇಲ್ತುದಿಯಲ್ಲಿ, ಆಲೂಗಡ್ಡೆ ಹೊಲಗಳ ನಡುವೆ ಇತ್ತು. ಗುಡ್ಡದವರನ್ನು ಮೇಲಕ್ಕೆ ಅಟ್ಟಿ ಈ ಊರು ಕಟ್ಟಿದ ಬಿಳಿ ದೊರೆಗಳು ತಮಗಾಗಿ ಮಾಡಿಕೊಂಡಿದ್ದ ಜಾಗ ಅದು. ಈಗ ಅಲ್ಲಿ ಬಸ್ ನಿಲ್ದಾಣ ಬರುವುದಿತ್ತು. ಹೆಸರಿರುವ ಗೋರಿಗಳನ್ನು ಬೇರೆಡೆ ಸಾಗಿಸಿ, ಉಳಿದ ನೆಲವನ್ನು ಸಮ ಮಾಡುವುದಾಗಿ ಪುರಸಭೆ ಡಂಗುರ ಹೊಡೆಸಿತ್ತು.

ಇಬ್ಬರು ಅಂಗಡಿಯವರನ್ನು ಪಂಚರನ್ನಾಗಿ ಕರೆದು ಸ್ಥಳ ಪಂಚನಾಮೆ ಮಾಡಿದರು. ದೊರೆ ಮತ್ತು ದೊರೆಸಾನಿಯ ಅಮೃತಶಿಲೆಯ ಗೋರಿಗಳಿಗೆ ಒಂದು ಗೀರೂ ಬಿದ್ದಿರಲಿಲ್ಲ. ಅವರ ಕಾಲ ಬುಡದಲ್ಲಿ, ಕಲ್ಲಿಲ್ಲದ ಕಡೆ, ಕಿರಿದಾದ ಗುಂಡಿಯಿತ್ತು. ಹುಲ್ಲನ್ನು ಬೇರುಸಹಿತ ಚೌಕಚೌಕವಾಗಿ ಕತ್ತರಿಸಿ ಒಂದು ಪಕ್ಕಕ್ಕೆ ಜೋಡಿಸಿದ್ದರು. ಬಾಡದಿರಲೆಂದು ನೀರೂ ಚಿಮುಕಿಸಿದ್ದರು. ಗುಂಡಿಯ ಗೋಡೆಯ ಮೇಲೆ ಸಣ್ಣ ಮುಳ್ಳುಗುದ್ದಲಿಯ ಹಲ್ಲಿನ ಗುರುತು.

"ಕಳ್ಳರು ಹೀಗೆ ಅಗೆಯಲ್ಲ," ಎಂದರು ಇನ್‌ಸ್ಪೆಕ್ಟರ್. "ಗಡ್ಡೆಗೆ ಏಟು ಬೀಳಬಾರದು ಅಂತ ಅಗೆದ ಹಾಗಿದೆ."

ಮಣ್ಣಿನಲ್ಲಿ ನೀಲಿ ದಾರದ ತುಂಡೊಂದು ಸಿಕ್ಕಿತು. ಬಿತ್ತನೆ ಗಡ್ಡೆಯ ಚೀಲ ಹೊಲಿಯುವ ದಾರ.

"ಗುಂಡೀಲಿ ಶವಪೆಟ್ಟಿಗೆ ಹಲಗೆ ಚೂರು ನೋಡೋವರೆಗೂ ಅಲ್ಲಿ ಯಾರನ್ನೋ ಹೂತಿದಾರೆ ಅಂತ ನಂಗೇ ಗೊತ್ತಿರ್ಲಿಲ್ಲ ಸರ್," ಎಂದ ಕಾವಲುಗಾರ. "ಗೋದಾಮಿನ ಗೋಣಿಯಜ್ಜಿ ದಿನಾ ಅಲ್ಲೇ ಕೂತು ಬುತ್ತಿ ಬಿಚ್ತಿದ್ಲು. ನೆರಳು ಚೆನ್ನಾಗಿದೆ ಅಂತಿದ್ಲು."

"ಅಲ್ಲಿ ಮರಾನೇ ಇಲ್ವಲ್ಲ?"

ಕಾವಲುಗಾರ ತಲೆಯೆತ್ತಿ ನೋಡಿದ. ಬರೀ ಆಕಾಶವಿತ್ತು.

ಗೋದಾಮಿನಲ್ಲಿ ಹೆಂಗಸರು ನೆಲದ ಮೇಲೆ ಕೂತು ಬಿತ್ತನೆ ಗಡ್ಡೆ ಆರಿಸುತ್ತಿದ್ದರು. ಚಳಿಗೆ ತಲೆಯ ಮೇಲೆ ಗೋಣಿ ಹೊದ್ದ ಮುದುಕಿಯ ಎದುರು ಇನ್‌ಸ್ಪೆಕ್ಟರ್ ಕುಕ್ಕರಗಾಲಿನಲ್ಲಿ ಕೂತರು.

"ನಿನ್ನೆ ಮಧ್ಯಾಹ್ನ ಎಲ್ಲಿದ್ದೆ ಅಜ್ಜಿ?"

"ಅಗೀತಿದ್ದೆ."

"ಏನನ್ನ?"

"ನಮ್ಮವ್ವನ್ನ."

ಅವಳ ಕೈ ನಿಲ್ಲಲಿಲ್ಲ. ಉಳಿದ ಹೆಂಗಸರ ಕೈ ನಿಂತವು.

ಅವಳ ತಾಯಿ ದೊರೆಯ ಬಂಗಲೆಯಲ್ಲಿ ಆಯಾ ಆಗಿದ್ದವಳು. ಜ್ವರ ಬಂದ ದೊರೆಯ ಮಗುವನ್ನು ಮಡಿಲಲ್ಲಿ ಹಾಕಿಕೊಂಡು ಕಾದಳು. ಮಗು ಉಳಿಯಿತು, ಅವಳು ಹೋದಳು. ದೊರೆಸಾನಿ ಪ್ರೀತಿಯಿಂದಲೇ ಅವಳನ್ನು ತಮ್ಮ ಸ್ಮಶಾನದಲ್ಲಿ ಹೂಳಿಸಿದಳು. ಆದರೆ ಅವಳ ಕಡೆಯ ಗುಡ್ಡದವರಿಗೆ ಒಳಗೆ ಪ್ರವೇಶವಿರಲಿಲ್ಲ.

"ಆಗಿನ್ನೂ ನಂಗೆ ಹಲ್ಲು ಬೀಳೋ ವಯಸ್ಸು. ಗೇಟಿನ ಸರಳು ಹಿಡ್ಕೊಂಡು ಕೂಗ್ದೆ. ಯಾರೂ ತಿರುಗಿ ನೋಡ್ಲಿಲ್ಲ."

"ಪುರಸಭೇಲಿ ಕೇಳ್ಬೇಕಿತ್ತು."

"ಕೇಳ್ದೆ ಸ್ವಾಮಿ. ಕಲ್ಲೆಲ್ಲಿ ಅಂದ್ರು. ಕಲ್ಲಿಲ್ದೆ ಇದ್ರೆ ಅದು ಗೋರಿನೇ ಅಲ್ಲ ಅಂದ್ರು."

"ಎಲುಬು ಗುಡ್ಡದ ಮೇಲೆ ಹೂತ್ಯಾ?"

"ಒಯ್ದಿದ್ದೆ. ನಮ್ಮ ಹಿರೀಕರು ಅಡ್ಡ ನಿಂತ್ರು. ದೊರೆಗಳ ಮಣ್ಣಲ್ಲಿ ಇಷ್ಟು ವರ್ಷ ಮಲಗಿದೋಳು ನಮ್ಮೋಳಲ್ಲ ಅಂದ್ರು. ನನ್ನ ತಮ್ಮನೂ ಅಲ್ಲೇ ಇದ್ದ. ಅವನನ್ನೂ ಅವಳೇ ಹೆತ್ತಿದ್ದು. ತುಟಿ ಪಿಟಕ್ಕನ್ನಲಿಲ್ಲ." ಮೊಳಕೆ ಮುರಿದ ಗಡ್ಡೆಯೊಂದನ್ನು ಅವಳು ಪಕ್ಕಕ್ಕೆಸೆದಳು. "ವಾಪಸ್ ಮನೆಗೇ ತಂದೆ."

ಅವಳದು ಒಂದೇ ಕೋಣೆಯ ಮನೆ. ಮಂಚದ ಕೆಳಗೆ ಬಿತ್ತನೆ ಗಡ್ಡೆಯ ಮರದ ಪೆಟ್ಟಿಗೆಯಲ್ಲಿ, ಕಂಬಳಿಯೊಳಗೆ, ಒರೆಸಿಟ್ಟ ಎಲುಬುಗಳಿದ್ದವು. ಜಪ್ತಿ ಪಂಚನಾಮೆ ಬರೆದು, ಪೆಟ್ಟಿಗೆಗೆ ಅರಗಿನ ಮೊಹರು ಹಾಕಿದರು. ಸಂಜೆ ನಾಲ್ಕಕ್ಕೆ ಅವಳನ್ನು ದಸ್ತಗಿರಿ ಮಾಡಲಾಯಿತು. ಅವಳು ಒಲೆ ಆರಿದೆಯೇ ಎಂದು ನೋಡಿ, ಬಾಗಿಲಿಗೆ ಚಿಲಕ ಹಾಕಿದಳು.

ತಮಗೆ ಸಿಟ್ಟೋ ಮರುಕವೋ ಬರಬಹುದೆಂದು ಇನ್‌ಸ್ಪೆಕ್ಟರ್ ಕಾದರು. ಎರಡೂ ಬರಲಿಲ್ಲ. ಕೇಸ್ ಡೈರಿಯಲ್ಲಿ, ಕೃತ್ಯದ ಉದ್ದೇಶ ಎಂಬಲ್ಲಿ, 'ತಾಯಿಯನ್ನು ಮನೆಗೆ ಕರೆತರುವುದು' ಎಂದು ಬರೆದರು. ಒಮ್ಮೆ ಓದಿದರು. ತಿದ್ದುವಂಥದ್ದೇನೂ ಕಾಣಲಿಲ್ಲ.

"ಸರ್, ಕೇಸ್ ಮುಗಿದ ಮೇಲೆ ಈ ಎಲುಬನ್ನ ಯಾರಿಗೆ ಕೊಡ್ತಾರೆ?" ಮೀಸೆ ಮೆಲ್ಲಗೆ ಕೇಳಿದ.

"ಕೋರ್ಟು ಹೇಳಿದೋರಿಗೆ."

"ಇವಳು ಬಿಟ್ರೆ ಕೇಳೋರು ಯಾರಿದಾರೆ?"

ಇನ್‌ಸ್ಪೆಕ್ಟರ್ ಜೀಪಿನ ಕಡೆ ನಡೆದರು.

ಜಪ್ತಿಯಾದ ಮಾಲು ಹಿಂದೆ, ಸ್ಟೆಪ್ನಿ ಚಕ್ರದ ಪಕ್ಕದಲ್ಲಿರಬೇಕಿತ್ತು. ಮುದುಕಿ ಅದನ್ನು ತೊಡೆಯ ಮೇಲಿಟ್ಟುಕೊಂಡು ಕೂತಳು. ಮೀಸೆ ಹಾಗೆಯೇ ಬಾಗಿಲು ಹಾಕಿದ. ಇಳಿಜಾರಿನ ರಸ್ತೆ ಕಿತ್ತುಹೋಗಿತ್ತು. ಜೀಪು ಹೊಂಡಕ್ಕೆ ಇಳಿದಾಗಲೆಲ್ಲ ಅವಳು ಪೆಟ್ಟಿಗೆಯನ್ನು ಎರಡೂ ಕೈಯಲ್ಲಿ ತುಸು ಮೇಲಕ್ಕೆತ್ತಿ, ಕುಲುಕಾಟ ನಿಂತ ಮೇಲೆ ಮೆಲ್ಲಗೆ ಇಳಿಸಿಕೊಳ್ಳುತ್ತಿದ್ದಳು.