ಬಿಳಿ ಬಟ್ಟೆ ಸರಿಸಿದ ಮಧ್ಯಾಹ್ನ

ಆಫ್ರಿಕದಿಂದ ಹಡಗಿನಲ್ಲಿ ಬಂದ ನಮ್ಮ ಹಿರಿಯರ ಒಂದು ತಾಳ ಬಾಹಿಯಾ ಪ್ರಾಂತ್ಯದಲ್ಲಿ ಡೋಲುಗಾರ ವಾಲ್ದೆಮಿರ್ ಒಬ್ಬನಿಗೇ ಗೊತ್ತಿತ್ತು. ಇಂಥವನ್ನು ಉಳಿಸಿಡಲೆಂದೇ ಸಾಕ್ಷ್ಯಚಿತ್ರ ತೆಗೆಯುವ ನಾನು ತಡಮಾಡಿಬಿಟ್ಟೆ, ಅದನ್ನು ದಾಖಲಿಸುವ ಮೊದಲೇ ಅವನು ತೀರಿಕೊಂಡ. ಪೂಜಾಮನೆಯಲ್ಲಿ ಅವನು ನುಡಿಸುತ್ತಿದ್ದ ದೊಡ್ಡ ಡೋಲಿಗೆ ಬಿಳಿ ಬಟ್ಟೆ ಹೊದಿಸಿದರು. ಒಂದು ವರ್ಷ ಅದನ್ನು ಯಾರೂ ಮುಟ್ಟುವಂತಿಲ್ಲ.

“ಚಿತ್ರ ತಗೋ, ಬೇಡ ಅನ್ನಲ್ಲ. ಬಟ್ಟೆ ಮಾತ್ರ ಮುಟ್ಟಬೇಡ ಮಗಾ, ಡೋಲು ಇನ್ನೂ ಅಳ್ತಾ ಇದೆ,” ಎಂದಳು ಪೂಜಾಮನೆಯ ಹಿರಿಯಳು ಜುಲ್ಮೀರಾ, ಅಂಗಳದಲ್ಲಿ ಬೆಂಡೆಕಾಯಿ ಹೆಚ್ಚುತ್ತಾ.

ಮಟಮಟ ಮಧ್ಯಾಹ್ನ. ಒಳಗೆ ಹೋಗಿ, ಕ್ಯಾಮೆರಾವನ್ನು ಸ್ಟ್ಯಾಂಡಿನ ಮೇಲಿಟ್ಟು ಚಾಲೂ ಮಾಡಿ, ಒಂದೇ ನಿಮಿಷ ಎಂದುಕೊಂಡು ಬಟ್ಟೆ ಸರಿಸಿದೆ. ಡೋಲಿನ ಚರ್ಮ ಬೆವರಿತ್ತು. ಹಿಂತಿರುಗಿದರೆ ಬಾಗಿಲು ಮುಚ್ಚಿತ್ತು.

ಎಳೆದೆ, ನೂಕಿದೆ, ಅಲುಗಲಿಲ್ಲ. ಎರಡೂ ಅಂಗೈಗಳಿಂದ ಬಡಿದೆ. ಮರದ ಬಾಗಿಲು ಬೆಚ್ಚಗಿತ್ತು; ಪ್ರತಿ ಪೆಟ್ಟಿಗೂ ಕೈಯಡಿ ತುಸು ತಗ್ಗಿ ಮತ್ತೆ ಉಬ್ಬುತ್ತಿತ್ತು. ಕೈ ಊದಿಕೊಳ್ಳುವವರೆಗೂ ಬಡಿದೆ.

ಕೊನೆಗೆ ಜುಲ್ಮೀರಾ ನನ್ನ ಭುಜ ಹಿಡಿದು ಎಳೆದಳು. “ಯಾರು ಕಲಿಸಿದ್ರೋ ನಿಂಗೆ ಅದನ್ನ?”

ತೆಗೆದ ಚಿತ್ರವನ್ನು ಆಮೇಲೆ ನೋಡಿದೆ. ಅದರಲ್ಲಿ ಬಾಗಿಲು ಮೊದಲಿನಿಂದ ಕೊನೆಯವರೆಗೂ ತೆರೆದೇ ಇದೆ. ನಾನು ದೊಡ್ಡ ಡೋಲಿನ ಮುಂದೆ ನಿಂತು ಬಡಿಯುತ್ತಿದ್ದೇನೆ. ವಾಲ್ದೆಮಿರ್‌ನ ತಾಳ ಪೂರ್ತಿ ದಾಖಲಾಗಿದೆ. ಒಂದು ಪೆಟ್ಟೂ ತಪ್ಪಿಲ್ಲ.