ಬೊರೊಂಕಾಯ್‌ನ ಅಂಟುಮೀಸೆ

ಭಾನುವಾರ ಮಧ್ಯಾಹ್ನದ ಆಟ ಮುಗಿದ ಮೇಲೆ ನಾಟಕಶಾಲೆಯ ಯಜಮಾನ ಹಲ್ಮೊಶ್‌ನನ್ನು ಮಾತಾಡಿಸಲೆಂದು ಹೋದ ನಮಗೆ ಸಿಕ್ಕಿದ್ದು ಅವನ ಹೆಣ. ತಲೆ ಒಡೆದಿತ್ತು. ಮೇಜಿನ ಮೇಲೆ ಪಾಲಿಂಕಾ ಸಾರಾಯಿಯ ಬಾಟಲಿ, ಎರಡು ಗ್ಲಾಸು. ವೈದ್ಯನಾದ ನನ್ನ ಕೆಲಸ ಅಲ್ಲಿಗೆ ಮುಗಿಯಿತು. ನನ್ನ ಗೆಳೆಯ ಪತ್ತೇದಾರ ಡೊಂಬಾಯ್ ಕೋಣೆಗೆ ಬೀಗ ಜಡಿದು, ಯಜಮಾನರ ಕೊಲೆಯಾಗಿದೆ ಎಂದಷ್ಟೇ ಹೇಳಿ ಎಲ್ಲರನ್ನೂ ರಂಗದ ಮೇಲೆ ಕೂಡಿಸಿದ.

"ಇನ್ಯಾರು ಸ್ವಾಮಿ, ಈ ಮುದುಕಾನೇ! ಎಳ್ಕೊಂಡು ಹೋಗಿ!" ಎಂದು ನಾಯಕನಟ ಔರೆಲ್ ಅಬ್ಬರಿಸಿದ.

ಅವನು ತೋರಿಸಿದ್ದು ಬೊರೊಂಕಾಯ್‌ನನ್ನು. ಮೂವತ್ತು ವರ್ಷದಿಂದ ಬುಡಾಪೆಸ್ಟಿನ ರಂಗದಲ್ಲೂ ಸಿನಿಮಾದಲ್ಲೂ ಮಾಣಿ, ಕುಡುಕ, ಅಂಚೆಯವ ಎಂದೇ ಬಾಳಿದ ನಟ. ಇನ್ನೂ ಅಂಚೆಯವನ ಪೊದೆಮೀಸೆಯಲ್ಲೇ ಇದ್ದ. ನನಗೂ ಅವನೆಂದರೆ ಅಷ್ಟಕ್ಕಷ್ಟೆ. ಆಟಕ್ಕೆ ಮುಂಚೆ ನೇಪಥ್ಯದಲ್ಲಿ ಹಸುಗೂಸಿನ ಹಾಗೆ ಕೊಳವೆಯಿಂದ ಕಾಫಿ ಹೀರುತ್ತಿದ್ದವನನ್ನು ಕಂಡು ನಕ್ಕಿದ್ದೆ. ವಿರಾಮ ಮುಗಿದ ಕೂಡಲೇ ನಟಿ ಇಲ್ಕಾ ಆ ಮೀಸೆ ಹಿಡಿದು ಜಗ್ಗಾಡಿದಾಗ ಜನರೂ ಬಿದ್ದು ಬಿದ್ದು ನಕ್ಕಿದ್ದರು.

"ನೀವು ಕಂಡದ್ದೇನು?" ಡೊಂಬಾಯ್ ಕೇಳಿದ.

"ವಿರಾಮದಲ್ಲಿ ಬಾಗಿಲ ಸಂದಿಯಿಂದ ನೋಡ್ದೆ. ಇದೇ ಮೀಸೆ ತೋಯಿಸ್ಕೊಂಡು ಪಾಲಿಂಕಾನ ಗ್ಲಾಸಿನ ಮೇಲೆ ಗ್ಲಾಸು ಸುರ್ಕೋತಿದ್ದ. ಮುಂದಿನ ನಾಟಕದಲ್ಲಿ ರಾಜನ ಪಾತ್ರ ಕೊಡಿ ಅಂತ ಗೋಗರೆದ. ಯಜಮಾನ್ರು ಆಗಲ್ಲ ಅಂದ್ರು. ಗಂಟೆ ಹೊಡೆದಾಗ ಅಲ್ಲಿಂದ ನೇರ ರಂಗಕ್ಕೆ ಓಡಿದ್ದನ್ನೂ ನೋಡ್ದೆ."

"ಸುಳ್ಳು! ಪಾತ್ರ ನಂದೇ ಅಂತ ಬೆಳಗ್ಗೇನೇ ಹೇಳಿದ್ರು," ಎಂದ ಬೊರೊಂಕಾಯ್.

"ನೀನು ರಾಜನಂತೆ! ಕನ್ನಡೀಲಿ ಮುಖ ನೋಡ್ಕೊಂಡಿದ್ಯಾ? ನೇಣಿಗೆ ಹಾಕ್ಬೇಕು ನಿನ್ನ!" ಇಲ್ಕಾ ಮೂತಿ ತಿರುವಿದಳು. ಉಳಿದವರೂ ಹೌದು ಹೌದು ಎಂದರು.

ಮುದುಕ ಅಲುಗಲಿಲ್ಲ. "ಹಾಕೋದಾದ್ರೆ ಆ ಪಾತ್ರ ಮಾಡಿದ ಮೇಲೆ ಹಾಕಿ."

ಡೊಂಬಾಯ್ ಕೋಣೆಯ ಬೀಗ ತೆಗೆದು ಆ ಬಾಟಲಿ ತಂದು, ಕರವಸ್ತ್ರಕ್ಕೆ ಪಾಲಿಂಕಾ ಸುರಿದು ಅವನ ಮೀಸೆಗೆ ಒತ್ತಿ ಹಿಡಿದ. ತುಸು ಹೊತ್ತಿನಲ್ಲೇ ಅದು ಜೋತುಬಿದ್ದು ಕೈಗೆ ಬಂತು.

"ಈ ಅಂಟು ಸಾರಾಯಿಗೆ ಕರಗುತ್ತೆ. ಅದಕ್ಕೇ ಮೀಸೆ ಅಂಟಿಸ್ಕೊಂಡು ಬದುಕೋನು ಆಟ ಮುಗಿಯೋವರೆಗೆ ಸಾರಾಯಿ ಮುಟ್ಟಲ್ಲ, ಕಾಫೀನೂ ಕೊಳವೇಲೇ ಕುಡೀತಾನೆ. ಇವರು ಅಷ್ಟು ಕುಡಿದು ನೇರ ರಂಗಕ್ಕೆ ಬಂದಿದ್ರೆ ಮೀಸೆ ಇಲ್ಕಾ ಕೈಗೆ ಬರ್ತಿತ್ತು. ಔರೆಲ್, ನೀವು ಬರೀ ಸ್ವಂತ ಮುಖಕ್ಕೇ ಚಪ್ಪಾಳೆ ತಗೊಂಡೋರು, ಒಂದು ಕೂದಲೂ ಅಂಟಿಸಿದೋರಲ್ಲ. ನಿಮಗದು ಹೊಳೀಲಿಲ್ಲ. ಹೆಣ ಸಿಕ್ಕಿದ ಮೇಲೆ ನಾವಿಬ್ಬರು ಬಿಟ್ಟು ಯಾರೂ ಆ ಕೋಣೆಗೆ ಹೋಗಿಲ್ಲ. ಇವರು ಕುಡಿದದ್ದು ಕಂಡೆ ಅನ್ನೋದೇ ಸುಳ್ಳಾದ್ರೆ, ಅಲ್ಲಿ ಪಾಲಿಂಕಾ ಇದ್ದದ್ದು ನಿಮಗೆ ಹೇಗೆ ಗೊತ್ತು? ಇಟ್ಟೋರು ನೀವೇ."

ಔರೆಲ್‌ನ ಮುಖ ಕಪ್ಪಿಟ್ಟಿತು. "ನನ್ನ ಹಿಂದೆ ತಟ್ಟೆ ಹಿಡ್ಕೊಂಡು ನಿಲ್ತಿದ್ದ ಈ ಪ್ರಾಣಿಗೆ ನಾನು ಮಂಡಿ ಊರ್ಬೇಕಂತೆ! ಹಾಗಂದ ಆ ಯಜಮಾನ! ಅದಕ್ಕೇ ಒಡೆದೆ!" ಎಂದು ಕಿರುಚಿದ. ಪೊಲೀಸರು ಅವನನ್ನು ಎಳೆದೊಯ್ದರು.

ಯಾರೂ ಮುದುಕನ ಕ್ಷಮೆ ಕೇಳಲಿಲ್ಲ. ಅವನೇ ಇಲ್ಕಾಳ ಕಡೆ ತಿರುಗಿದ. "ರಾಜನ ಗಡ್ಡ ಎಲ್ಲಿಟ್ಟಿದಾರಮ್ಮ? ಒಂದ್ಸಲ ಅಂಟಿಸಿ ನೋಡ್ತೀನಿ."

"ಆ ರಾಜನಿಗೆ ಗಡ್ಡಾನೂ ಇಲ್ಲ, ಮೀಸೇನೂ ಇಲ್ಲ ಕಣ್ರೀ," ಎಂದಳು ಇಲ್ಕಾ.

ನೇಣಿನ ಮಾತಿಗೂ ಅಲುಗದವನು ಈಗ ಬರಿದಾದ ಮೇಲ್ದುಟಿಯನ್ನು ಅಂಗೈಯಿಂದ ಮುಚ್ಚಿಕೊಂಡ.

"ಅಯ್ಯೋ ದೇವರೇ, ಹಾಗಾದ್ರೆ ನನ್ನ ಮುಖದಲ್ಲೇ ನಿಲ್ಬೇಕಾ?"