ಮೂರನೆಯ ಕೈ

"ಇದು ಸತ್ತುಹೋಗಿದೆ. ಮಧ್ಯಾಹ್ನ ಮೂರರ ಒಳಗೆ ಬದುಕಬೇಕು," ಎಂದು ಅವಳು ಇಂಟರ್ನೆಟ್ ಡಾಂಗಲನ್ನು ಮೇಜಿನ ಮೇಲೆ ಕುಕ್ಕಿದಳು.

ರಿಪೇರಿಯವನು ತಲೆ ಎತ್ತಲಿಲ್ಲ. ಆ ದನಿ ಮೂರು ವರ್ಷ ಅವನ ಮನೆಯಲ್ಲೇ ಇತ್ತು. ಎಂಟು ತಿಂಗಳಿಂದ ಅವಳ ಅಕ್ಕನ ಮನೆಯಲ್ಲಿದೆ. ಇವತ್ತು ನಾಲ್ಕು ಗಂಟೆಗೆ ನ್ಯಾಯಾಧೀಶರ ವಿಡಿಯೊ ಕರೆ. ಗಂಡ ಹೆಂಡತಿ ಇಬ್ಬರೂ ತೆರೆಯ ಮೇಲೆ ಕಾಣಿಸಿಕೊಂಡು ಒಪ್ಪಿಗೆ ಎಂದುಬಿಟ್ಟರೆ ವಿಚ್ಛೇದನ. ಒಬ್ಬರು ಬಾರದಿದ್ದರೂ ಆರು ತಿಂಗಳು ಮುಂದಕ್ಕೆ.

"ಕರೆಗೆ ಫೋನಲ್ಲೇ ಸೇರಬಹುದಲ್ಲ, ಮೇಡಂ?"

"ಅಕ್ಕನ ಮನೇಲಿ ಫೋನ್‌ಗೆ ಸಿಗ್ನಲ್ ಬರಲ್ಲ. ಇದನ್ನ ಉದ್ದ ವೈರ್‌ಗೆ ಸಿಕ್ಕಿಸಿ ಕಿಟಕಿ ಆಚೆ ನೇತುಹಾಕಿದ್ರೆ ಮಾತ್ರ ನೆಟ್. ಆ ವೈರ್ ಕೊಟ್ಟೋರೇ ನೀವು. ಗೊತ್ತಿದ್ದೂ ಕೇಳ್ತೀರಲ್ಲ!"

"ನನ್ನ ಅಂಗಡೀಲಿ ನೆಟ್ ಇದೆ. ಇಲ್ಲೇ ಕೂತ್ಕೊಳ್ಳಿ."

"ನಿಮ್ಮ ಋಣ ನನಗೆ ಬೇಡ. ರಿಪೇರಿ ಮಾಡಿ, ರಸೀದಿ ಕೊಡಿ."

ಗಾಯದ ಮೇಲೆ ಬರೆ ಎಳೆಯುವುದನ್ನು ಇವಳಿಂದ ಕಲಿಯಬೇಕು ಎಂದುಕೊಂಡು ಅವನು ಡಾಂಗಲನ್ನು ಕಂಪ್ಯೂಟರಿಗೆ ಚುಚ್ಚಿದ. ದೀಪವಿಲ್ಲ, ಸದ್ದಿಲ್ಲ.

"ಏನು ಮಾಡಿದ್ರಿ ಇದಕ್ಕೆ?"

"ನಾನೇನು ಮಾಡಲಿ? ಬೆಳಿಗ್ಗೆಯಿಂದ ಹೀಗೇ. ಏನು ಕೇಳಿದ್ರೂ ಉತ್ತರ ಇಲ್ಲ. ಅಂಥವರ ಜೊತೆ ಮೂರು ವರ್ಷ ಬಾಳಿದೀನಿ, ಅದಕ್ಕೇ ಗಾಬರಿಯಾಗಲಿಲ್ಲ."

ಅವನಿಗೆ ಚುರುಕ್ಕೆಂದಿತು. ಊರಿನ ಮೂಕ ಯಂತ್ರಗಳಿಗೆಲ್ಲ ಜೀವ ಕೊಡುವವನು ಮನೆಗೆ ಬಂದರೆ ಬಾಯಿಗೆ ಬೀಗ ಜಡಿದುಕೊಳ್ಳುತ್ತಾನೆ ಎನ್ನುವುದೇ ಅವಳ ದೂರು. ಅವಳು ಪೆಟ್ಟಿಗೆ ತುಂಬಿಕೊಂಡು ಹೊರಟ ದಿನವೂ ಅವನು ಬಾಗಿಲಲ್ಲಿ ನಿಂತು ನೋಡಿದ್ದನೇ ಹೊರತು 'ಹೋಗಬೇಡ' ಎಂದಿರಲಿಲ್ಲ. ಹೇಳದೆಯೂ ಅವಳಿಗೆ ತಿಳಿಯಬೇಕು ಎನ್ನುವ ಜಂಬ. ಆ ಜಂಬ ಈಗ ಎಂಟು ತಿಂಗಳಿಂದ ಒಬ್ಬನೇ ಕೂತು ಊಟ ಮಾಡುತ್ತಿದೆ.

'ಇದು ಆಗಲ್ಲ' ಎಂದು ವಾಪಸ್ ಕೊಟ್ಟರೆ ಆರು ತಿಂಗಳು ಸಿಗುತ್ತದೆ. ಯೋಚನೆ ಬಂತು. ಆದರೆ ಬದುಕುವ ವಸ್ತುವನ್ನು ಸತ್ತಿದೆ ಎಂದು ಅವನು ಯಾರಿಗೂ ಹೇಳಿದವನಲ್ಲ.

ತೆಳು ಅಲಗಿನಿಂದ ಕವಚ ಬಿಚ್ಚಿದ. ಹಸಿರು ಬೋರ್ಡಿನ ಮೇಲೆ ಸಾಸಿವೆಗಿಂತ ಸಣ್ಣ ಚುಕ್ಕಿ. ಅದಕ್ಕೂ ಅಂಚಿನ ಲೋಹಕ್ಕೂ ಚಿಮಟ ಮುಟ್ಟಿಸಿ ಹಿಡಿದಿರುವಾಗಲೇ ಕಂಪ್ಯೂಟರಿನ ವೈರ್ ಸಿಕ್ಕಿಸಬೇಕು. ಆಗ ಒಮ್ಮೊಮ್ಮೆ ಡಾಂಗಲ್ ಎಚ್ಚರಗೊಳ್ಳುತ್ತದೆ. ಅವನು ಒರೆಸುವ ಬಟ್ಟೆಯನ್ನು ಮೇಜಿನ ಮೂಲೆಗೆ ಎಸೆದ.

"ಬೋರ್ಡ್ ಹಿಡಿಯೋಕೆ ಒಂದು, ವೈರ್‌ಗೆ ಒಂದು, ಚಿಮಟಕ್ಕೆ ಒಂದು. ಮೂರು ಕೈ ಬೇಕು."

ಮದುವೆಯಾದ ಹೊಸತರಲ್ಲಿ ಆ ಮೂರನೆಯ ಕೈ ಅವಳದೇ ಆಗಿತ್ತು.

"ಹೆಸರು ನಿಮ್ಮದು, ಚಾಕರಿ ನಮ್ಮದು," ಎನ್ನುತ್ತಲೇ ಅವಳು ಸ್ಟೂಲ್ ಎಳೆದುಕೊಂಡು ಚಿಮಟ ಹಿಡಿದಳು. ಬಗ್ಗಿದಾಗ ಅವಳ ಕೂದಲೆಳೆಯೊಂದು ಅವನ ಗಲ್ಲಕ್ಕೆ ತಾಗಿತು. ಅವನು ಸರಿಯಲಿಲ್ಲ, ಅವಳೂ ಸರಿಸಿಕೊಳ್ಳಲಿಲ್ಲ.

"ಒಂದು, ಎರಡು, ಮೂರು."

ಏನೂ ಇಲ್ಲ.

"ನಿಮ್ಮ ಚಿಮಟ ಅಲುಗ್ತು."

"ಅಲುಗಿದ್ದು ನಿಮ್ಮ ವೈರ್! ಮೂರು ಅನ್ನೋ ಮುಂಚೇನೇ ಚುಚ್ಚಿದ್ರಿ. ಯಾವತ್ತು ನನಗೋಸ್ಕರ ಕಾದಿದೀರಿ ನೀವು?"

"ಎಂಟು ತಿಂಗಳಿಂದ ಮತ್ತೇನು ಮಾಡ್ತಿದೀನಿ ಅಂದ್ಕೊಂಡೆ?"

ಮಾತು ಬಾಯಿಂದ ಜಾರಿತ್ತು. ಅವಳ ಕಣ್ಣು ಅವನ ಮುಖಕ್ಕೆ ಬಂದು, ಒಂದು ಗಳಿಗೆ ನಿಂತು, ಮತ್ತೆ ಚುಕ್ಕಿಗೆ ಇಳಿಯಿತು.

"ಎಣಿಸಿ," ಎಂದಳು, ಅದೇ ಸಿಡುಕಿನಲ್ಲಿ.

ನಾಲ್ಕನೆಯ ಸಲಕ್ಕೆ ಕಂಪ್ಯೂಟರ್ ಟಿಣ್ ಎಂದಿತು. ಡಾಂಗಲನ್ನು ನಡೆಸಲು ಅದರೊಳಗೆ ಕೊನೆಯದಾಗಿ ಹಾಕಿದ್ದ ಫೈಲಿನ ಹೆಸರು ತೆರೆಯ ಮೇಲೆ ಮೂಡಿತು. ಅದು ಬೇರೆಯೇ ಮಾದರಿಯ ಡಾಂಗಲಿನದು. ಹಾಕಿದ ಹೊತ್ತು, ಇವತ್ತು ಬೆಳಿಗ್ಗೆ ಏಳು ಗಂಟೆ. ಅವನು ಸರಿಯಾದ ಫೈಲ್ ಹಾಕಿದ. ಹಸಿರು ದೀಪ ಹತ್ತಿದಾಗ ಗಂಟೆ ಎರಡೂವರೆ.

"ನನ್ನ ಜೊತೆ ಕೂತು ನಲವತ್ತು ಡಾಂಗಲ್‌ಗೆ ಫೈಲ್ ಹಾಕಿದೋಳು ನೀನು. ಇದೊಂದಕ್ಕೆ ತಪ್ಪು ಫೈಲ್ ಹೇಗೆ ಹಾಕಿದೆ?"

ಅವಳ ಕಿವಿ ಕೆಂಪಾಯಿತು. ಆದರೆ ಸೋಲೊಪ್ಪುವ ಪೈಕಿಯೇ ಅವಳು? ಮೇಜಿನ ಮೂಲೆಯ ಬಟ್ಟೆಯನ್ನು ಸರಕ್ಕನೆ ಎಳೆದಳು. ಕೆಳಗೆ ಬೋರ್ಡ್ ಕಚ್ಚಿ ಹಿಡಿಯುವ ಕ್ಲಾಂಪ್ ಇತ್ತು. ಎಂಟು ತಿಂಗಳಿಂದ ಅವನ ಮೂರನೆಯ ಕೈ ಅದೇ.

"ಇದನ್ನ ಮುಚ್ಚಿಟ್ಟಿದ್ದು ನಾನು ನೋಡ್ಲಿಲ್ಲ ಅಂದ್ಕೊಂಡ್ರಾ?"

ಅವನು ಡಾಂಗಲನ್ನು ಚಾಚಿದ. ಅವಳು ಹಿಡಿದಳು. ಅವನು ಬಿಡಲಿಲ್ಲ.

"ಹೋಗಬೇಡ," ಎಂದ. "ನೀನಿಲ್ಲದೆ ಆ ಮನೇಲಿ ನನ್ನ ಕೈಲಿ ಇರೋಕಾಗಲ್ಲ ಕಣೇ. ಅವತ್ತೇ ಹೇಳಬೇಕಿತ್ತು."

"ಇದೊಂದು ಮಾತು ಹೇಳಿಸೋಕೆ ಚೆನ್ನಾಗಿದ್ದ ಡಾಂಗಲ್ ಕೆಡಿಸಬೇಕಾಯ್ತು," ಎಂದು ಬೈಯುತ್ತ ಅವಳು ಸೆರಗಿನಿಂದ ಕಣ್ಣೊರೆಸಿಕೊಂಡಳು.

ನಾಲ್ಕು ಗಂಟೆಗೆ ಅಂಗಡಿಯ ಕಂಪ್ಯೂಟರಿನಲ್ಲೇ ಕರೆ ತೆರೆಯಿತು. ನ್ಯಾಯಾಧೀಶರು ಕನ್ನಡಕ ಸರಿಪಡಿಸಿಕೊಂಡು, "ನಿಮ್ಮ ಪತಿ ಎಲ್ಲಿದ್ದಾರಮ್ಮ?" ಎಂದರು. ಅವಳು ಅವನ ತೋಳು ಹಿಡಿದು ಪಕ್ಕಕ್ಕೆ ಎಳೆದಳು.

"ಅರ್ಜಿ ವಾಪಸ್ ತಗೋತೀವಿ, ಸರ್," ಎಂದು ಅವನೇ ಮೊದಲು ಬಾಯಿಬಿಟ್ಟ.

"ನನ್ನನ್ನ ಒಂದು ಮಾತು ಕೇಳಿ ಹೇಳಿದ್ರಾ?" ಎಂದು ಅವಳು ಪಿಸುದನಿಯಲ್ಲೇ ಗದರಿದಳು. ಹಿಡಿದ ತೋಳನ್ನು ಮಾತ್ರ ಬಿಡಲಿಲ್ಲ.